ಅರಮನೆಯಿಲ್ಲದ ರಾಜಧಾನಿ: ದೇವಸಮುದ್ರ ಸೀಮೆಯ ಟಿಪ್ಪಣಿಗಳು

ವಿಳಾಸ

ಚಿತ್ರದುರ್ಗ ಜಿಲ್ಲೆ ಮೊಳಕಾಲ್ಮುರು ತಾಲ್ಲೂಕಿನ ದೇವಸಮುದ್ರ ಸೀಮೆಯಲ್ಲಿ ನಿಂತು ಬ್ರಹ್ಮಗಿರಿ ಎಲ್ಲಿ ಎಂದು ಕೇಳಿದರೆ ಯಾರಾದರೂ ಕೈ ತೋರಿಸುತ್ತಾರೆ. ಅಶೋಕ ಸಿದ್ದಾಪುರ ಗೊತ್ತು, ರೊಪ್ಪ ಗೊತ್ತು, ಜಟಿಂಗ ರಾಮೇಶ್ವರ ಬೆಟ್ಟವಂತೂ ಎಲ್ಲರಿಗೂ ಗೊತ್ತು. ಇಸಿಲ ಎಲ್ಲಿ ಎಂದು ಕೇಳಿದರೆ ದಾರಿ ಹೇಳುವವರು ಸಿಗುವುದು ಕಷ್ಟ. ಆದರೆ ಕ್ರಿ.ಪೂ. 3ನೇ ಶತಮಾನದಲ್ಲಿ ಈ ಬೆಟ್ಟಗಳ ಬುಡದಲ್ಲಿದ್ದ ಪಟ್ಟಣದ ಹೆಸರು ಅದೇ. ಮೌರ್ಯರ ಮಹಾಮಾತ್ರರು, ಅಂದರೆ ಹಿರಿಯ ಅಧಿಕಾರಿಗಳು, ಅಲ್ಲಿದ್ದುಕೊಂಡು ಈ ಸೀಮೆಯ ಆಡಳಿತ ನಡೆಸುತ್ತಿದ್ದರು. ಕರ್ನಾಟಕದಲ್ಲಿ ಹೆಸರು ಸಮೇತ ಗೊತ್ತಿರುವ ಆಡಳಿತ ಪಟ್ಟಣಗಳಲ್ಲಿ ಇದಕ್ಕಿಂತ ಹಳೆಯದು ಇನ್ನೊಂದಿಲ್ಲ.

ಆ ಹೆಸರು ನಮಗೆ ತಲುಪಿದ ಬಗೆಯೇ ವಿಚಿತ್ರ. ಅಶೋಕನ ಆಜ್ಞೆ ಪಾಟಲಿಪುತ್ರದಿಂದ ನೇರವಾಗಿ ಇಲ್ಲಿಗೆ ಬರಲಿಲ್ಲ. ದಕ್ಷಿಣ ಪ್ರಾಂತ್ಯದ ರಾಜಧಾನಿ ಸುವರ್ಣಗಿರಿಯಲ್ಲಿ ‘ಆರ್ಯಪುತ್ರ’ ಎಂಬ ಬಿರುದಿನ ರಾಜಕುಮಾರನಿದ್ದ. ಅವನೂ ಅವನ ಮಹಾಮಾತ್ರರೂ ಆಜ್ಞೆಯನ್ನು ಇಸಿಲದ ಮಹಾಮಾತ್ರರಿಗೆ ಕಳಿಸಿದರು. ಕಳಿಸುವಾಗ ಪದ್ಧತಿಯಂತೆ ಮೇಲೆ ಒಂದು ಒಕ್ಕಣೆ ಬರೆದರು: ಇಂಥವರ ಮಾತಿನಂತೆ ಇಂಥವರಿಗೆ, ಮೊದಲು ಆರೋಗ್ಯ ಕೇಳಬೇಕು, ಆಮೇಲೆ ವಿಷಯ ಹೇಳಬೇಕು. ಬೇರೆ ಹೆಚ್ಚಿನ ಊರುಗಳ ಬಂಡೆಗಳ ಮೇಲೆ ವಿಷಯ ಮಾತ್ರ ಇದೆ. ಇಲ್ಲಿ ಒಕ್ಕಣೆಯನ್ನೂ ಸೇರಿಸಿ ಕೆತ್ತಿದ್ದಾರೆ. ಓಲೆಯ ಮೇಲಿದ್ದುದನ್ನು ಒಂದಕ್ಷರ ಬಿಡದೆ ಕಲ್ಲಿಗೆ ಇಳಿಸಿದ ಕಾರಣ ಪಟ್ಟಣದ ಹೆಸರು ಉಳಿಯಿತು. ಯಾರೋ ಒಬ್ಬ ಅಧಿಕಾರಿ ಮೇಲಿನ ಸಾಲು ಬೇಡ, ವಿಷಯವಷ್ಟೇ ಸಾಕು ಎಂದಿದ್ದರೆ ಇಂದು ಇಸಿಲ ಎಂಬ ಊರೇ ನಮ್ಮ ಪಾಲಿಗೆ ಇರುತ್ತಿರಲಿಲ್ಲ.

ಚಪಡ

ಬ್ರಹ್ಮಗಿರಿಯ ಶಾಸನ 13 ಸಾಲು. ಭಾಷೆ ಪ್ರಾಕೃತ, ಲಿಪಿ ಬ್ರಾಹ್ಮಿ, ಓದುವುದು ಎಡದಿಂದ ಬಲಕ್ಕೆ. ಕೊನೆಯಲ್ಲಿ ಬರೆದವನು ತನ್ನ ಹೆಸರು ಹಾಕಿದ್ದಾನೆ: ಚಪಡ. ಆ ಹೆಸರಿನ ಜೊತೆಗೆ ತಾನು ಲಿಪಿಕಾರ ಎಂದು ಹೇಳುವ ಒಂದು ಪದವನ್ನು ಮಾತ್ರ ಅವನು ಬ್ರಾಹ್ಮಿಯಲ್ಲಿ ಬರೆಯಲಿಲ್ಲ, ಖರೋಷ್ಠಿಯಲ್ಲಿ ಬರೆದ. ಖರೋಷ್ಠಿ ಬಲದಿಂದ ಎಡಕ್ಕೆ ಸಾಗುವ ಲಿಪಿ. ಅದು ಬಳಕೆಯಲ್ಲಿದ್ದುದು ಗಾಂಧಾರದಲ್ಲಿ, ಇಂದಿನ ಪೇಶಾವರದ ಸುತ್ತಮುತ್ತ.

ಈ ಒಂದು ಪದದ ಮುಂದೆ ನಾನು ಬೇರೆಲ್ಲ ಸಾಲುಗಳಿಗಿಂತ ಹೆಚ್ಚು ಹೊತ್ತು ನಿಲ್ಲುತ್ತೇನೆ. ಮೊಳಕಾಲ್ಮುರಿನ ಬಿಸಿಲಲ್ಲಿ ಕಾದ ಕಣಶಿಲೆಯ ಮೇಲೆ ಖರೋಷ್ಠಿ ಏಕೆ? ಇಲ್ಲಿ ಅದನ್ನು ಓದಬಲ್ಲವರು ಯಾರಿದ್ದರು? ಚಪಡ ಗಾಂಧಾರದಿಂದ ಬಂದವನೋ, ಅಲ್ಲಿ ಕೆಲಸ ಕಲಿತು ಬಂದವನೋ ಎಂದು ವಿದ್ವಾಂಸರು ಊಹಿಸುತ್ತಾರೆ. ಯಾವುದೇ ಆಗಲಿ, ಸರ್ಕಾರಿ ಕೆಲಸದ ಮೇಲೆ ದೂರದ ನಾಡಿಗೆ ವರ್ಗವಾಗಿ ಬಂದ ಒಬ್ಬ ನೌಕರ ಅವನು. ಆಜ್ಞೆ ಹೊರಡಿಸಿದ ಚಕ್ರವರ್ತಿಯ ಸ್ವಂತ ಹೆಸರು ಈ ಬಂಡೆಯ ಮೇಲಿಲ್ಲ, ‘ದೇವಾನಾಂಪ್ರಿಯ’ ಎಂಬ ಬಿರುದಷ್ಟೇ ಇದೆ. ತಲುಪಿಸಿದ ರಾಜಕುಮಾರನ ಹೆಸರೂ ಇಲ್ಲ. ಪಡೆದ ಮಹಾಮಾತ್ರರ ಹೆಸರೂ ಇಲ್ಲ. ಹೆಸರು ಹೇಳಿಕೊಂಡು ನಿಂತಿರುವವನು ಲಿಪಿಕಾರ ಒಬ್ಬನೇ.

ಆಜ್ಞೆಯಲ್ಲಿ ಏನಿದೆ

ರಾಜಶಾಸನ ಎಂದರೆ ಗೆದ್ದ ಯುದ್ಧ, ಕೊಟ್ಟ ದತ್ತಿ, ಹಾಕಿದ ಸುಂಕ ಇರಬೇಕು ಎಂದುಕೊಳ್ಳುತ್ತೇವೆ. ಇಲ್ಲಿ ಮೂರೂ ಇಲ್ಲ. ತಾನು ಎರಡೂವರೆ ವರ್ಷಕ್ಕೂ ಮೇಲ್ಪಟ್ಟು ಬುದ್ಧನ ಉಪಾಸಕನಾಗಿದ್ದರೂ ಮೊದಲ ಒಂದು ವರ್ಷ ಅಷ್ಟು ಶ್ರದ್ಧೆಯಿಂದ ಪ್ರಯತ್ನಿಸಲಿಲ್ಲ ಎಂದು ರಾಜ ಹೇಳಿಕೊಳ್ಳುತ್ತಾನೆ. ಸಂಘಕ್ಕೆ ಹತ್ತಿರವಾದ ಮೇಲೆ ಪ್ರಯತ್ನ ಹೆಚ್ಚಿತಂತೆ. ಇದರ ಫಲ ದೊಡ್ಡವರಿಗಷ್ಟೇ ಮೀಸಲಲ್ಲ, ಸಣ್ಣವನೂ ಪಟ್ಟುಹಿಡಿದರೆ ಪಡೆಯಬಹುದು, ಇದು ಗಡಿಯಾಚೆಯವರಿಗೂ ತಿಳಿಯಲಿ ಎನ್ನುತ್ತಾನೆ.

ಎರಡನೆಯ ಭಾಗ ಇನ್ನೂ ಸರಳ. ತಂದೆತಾಯಿಯ ಮಾತು ಕೇಳಬೇಕು, ಪ್ರಾಣಿಗಳ ಮೇಲೆ ದಯೆ ಇರಬೇಕು, ಸತ್ಯ ನುಡಿಯಬೇಕು, ಶಿಷ್ಯ ಗುರುವನ್ನು ಗೌರವಿಸಬೇಕು, ನೆಂಟರಿಷ್ಟರೊಂದಿಗೆ ತಕ್ಕಂತೆ ನಡೆದುಕೊಳ್ಳಬೇಕು. ಇದು ಹಿಂದಿನಿಂದ ಬಂದ ರೀತಿ, ಆಯುಷ್ಯ ಹೆಚ್ಚಿಸುವಂಥದ್ದು ಎಂಬ ಮಾತೂ ಇದೆ. ಹೊಸ ಆಳ್ವಿಕೆಯೊಂದು ದೂರದ ನಾಡಿನಲ್ಲಿ ಕಾಲೂರುವಾಗ ಹೊಸ ಕಾನೂನು ಹೇಳದೆ, ‘ನಿಮ್ಮ ಹಿರಿಯರು ನಡೆದಂತೆ ನಡೆಯಿರಿ’ ಎಂದು ಹೇಳಿದ್ದು ನನಗೆ ಬಹಳ ದೊಡ್ಡ ಸಂಗತಿಯಾಗಿ ಕಾಣುತ್ತದೆ.

ನಡುವೆ 256 ಎಂಬ ಅಂಕಿ ಬರುತ್ತದೆ. ರಾಜ ಪ್ರವಾಸದಲ್ಲಿ ಕಳೆದ ರಾತ್ರಿಗಳ ಲೆಕ್ಕ ಅದು ಎಂದು ಬಹಳ ಜನ ವಿದ್ವಾಂಸರ ಅಭಿಪ್ರಾಯ. ಬುದ್ಧನ ನಿರ್ವಾಣದ ನಂತರದ ವರ್ಷಗಳ ಲೆಕ್ಕ ಎಂದು ಓದಿದವರೂ ಇದ್ದರು. ಒಂದು ಅಂಕಿಯ ಮೇಲೆ ಒಂದು ಶತಮಾನಕ್ಕೂ ಹೆಚ್ಚು ಕಾಲ ಚರ್ಚೆ ನಡೆದಿದೆ.

ಮೂರು ಗುಂಡುಗಳು

ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರ. ಕೆಲವೇ ಕಿಲೋಮೀಟರ್ ಅಂತರದಲ್ಲಿ ಒಂದೇ ಆಜ್ಞೆ ಮೂರು ಕಡೆ. ಕರ್ನಾಟಕದಲ್ಲಿ ಅಶೋಕನ ಶಾಸನ ಮಸ್ಕಿಯಲ್ಲಿದೆ, ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡುಗಳಲ್ಲಿದೆ, ಬಳ್ಳಾರಿ ಜಿಲ್ಲೆಯ ನಿಟ್ಟೂರು ಮತ್ತು ಉದೇಗೊಳದಲ್ಲಿದೆ, ಸನ್ನತಿಯಲ್ಲಿದೆ. ಆದರೂ ಇಷ್ಟು ಒತ್ತೊತ್ತಾಗಿ ಮೂರು ಪ್ರತಿ ಬೇರೆ ಕಡೆ ಕಾಣೆ. ಒಂದು ಬಂಡೆ ಸಾಲದಷ್ಟು ಜನ ಇಲ್ಲಿದ್ದರೆ? ಪಟ್ಟಣಕ್ಕೊಂದು, ದಾರಿಗೊಂದು, ಜನ ಹತ್ತಿಬರುವ ಬೆಟ್ಟಕ್ಕೊಂದು ಎಂದು ಹಂಚಿದರೆ?

ಬಿ.ಎಲ್. ರೈಸ್ ಈ ಮೂರನ್ನೂ ಲೋಕಕ್ಕೆ ತಿಳಿಸಿದ್ದು 1892ರಲ್ಲಿ. ಬೆಂಗಳೂರಿನಲ್ಲೇ ಹುಟ್ಟಿ ಕನ್ನಡ ಬಲ್ಲವರಾಗಿದ್ದ ರೈಸ್ ಆಗ ಮೈಸೂರು ಸಂಸ್ಥಾನದ ಪುರಾತತ್ವ ಇಲಾಖೆಯ ಮುಖ್ಯಸ್ಥರು. ಬ್ರಾಹ್ಮಿಯನ್ನು ಜೇಮ್ಸ್ ಪ್ರಿನ್ಸೆಪ್ ಓದಿ 50 ವರ್ಷ ಕಳೆದಿತ್ತು, ಆದರೆ ಅಶೋಕನ ಕೈ ಮೈಸೂರು ಸೀಮೆಯವರೆಗೆ ಚಾಚಿತ್ತು ಎಂಬುದಕ್ಕೆ ಅದುವರೆಗೆ ಪುರಾವೆ ಇರಲಿಲ್ಲ. ಮಸ್ಕಿಯಲ್ಲಿ ‘ಅಶೋಕ’ ಎಂಬ ಹೆಸರೇ ಇರುವ ಶಾಸನ ಸಿಕ್ಕಿದ್ದು 1915ರಲ್ಲಿ, ಅಂದರೆ ಇದಾದ 23 ವರ್ಷಕ್ಕೆ.

ರೈಸ್ ಬರುವ ಹೊತ್ತಿಗೆ ಊರವರು ಈ ಬಂಡೆಗಳಿಗೆ ತಮ್ಮದೇ ಹೆಸರು ಇಟ್ಟಿದ್ದರು. ಬ್ರಹ್ಮಗಿರಿಯದು ಅಕ್ಷರ ಗುಂಡು. ಸಿದ್ದಾಪುರದ್ದು, ತೆಲುಗು ಬೆರೆತ ಈ ಸೀಮೆಯ ಮಾತಿನಲ್ಲಿ, ಎಮ್ಮೆ ಕಾಯುವ ತಿಮ್ಮಯ್ಯನ ಗುಂಡು. ಜಟಿಂಗ ರಾಮೇಶ್ವರದ್ದು ಬಳೆಗಾರರ ಗುಂಡು, ಏಕೆಂದರೆ ಜಾತ್ರೆಯಲ್ಲಿ ಬಳೆಗಾರರು ಅಂಗಡಿ ಹೂಡುತ್ತಿದ್ದುದು ಅದರ ಮೇಲೆ. ಅಲ್ಲಿಯ ಅಕ್ಷರಗಳು ಮೂರರಲ್ಲೂ ಹೆಚ್ಚು ಸವೆದಿವೆ. ಚಕ್ರವರ್ತಿಯ ಕಲ್ಲು ದನಗಾಹಿಯ ಹೆಸರಿಗೂ ಬಳೆಗಾರರ ಹೆಸರಿಗೂ ಬಂದಿತ್ತು. ಸಾವಿರದೈನೂರು ವರ್ಷ ಯಾರೂ ಓದಲಾಗದಿದ್ದರೂ ಅದು ಅಕ್ಷರ ಎಂದು ಗುರುತಿಸಿ, ಹಾಗೆಂದೇ ಕರೆದು, ಒಡೆಯದೆ ಬಿಟ್ಟ ರೊಪ್ಪದ ಕಡೆಯ ಜನರಿಗೆ ನಾವು ಋಣಿಗಳು.

ನೆಲ ಅಗೆದಾಗ

ಹೆಸರು ಸಿಕ್ಕ ಮೇಲೆ ಪಟ್ಟಣವನ್ನು ಹುಡುಕಬೇಕಲ್ಲ. ಮೈಸೂರಿನ ಡಾ. ಎಂ.ಎಚ್. ಕೃಷ್ಣ 1940ರ ದಶಕದ ಆರಂಭದಲ್ಲಿ ಬ್ರಹ್ಮಗಿರಿಯ ಇಳಿಜಾರಿನಲ್ಲಿ ಅಗೆಸಿದರು. ಸ್ವಾತಂತ್ರ್ಯ ಬಂದ 1947ರಲ್ಲೇ ಭಾರತೀಯ ಪುರಾತತ್ವ ಸರ್ವೇಕ್ಷಣದ ಮಹಾನಿರ್ದೇಶಕ ಮಾರ್ಟಿಮರ್ ವ್ಹೀಲರ್ ಬ್ರಹ್ಮಗಿರಿಯಲ್ಲೂ ಚಿತ್ರದುರ್ಗದ ಪಕ್ಕದ ಚಂದ್ರವಳ್ಳಿಯಲ್ಲೂ ಉತ್ಖನನ ನಡೆಸಿದರು. ಮಣ್ಣಿನ ಒಂದೊಂದು ಪದರವನ್ನೂ ಬೇರ್ಪಡಿಸಿ ಗುರುತಿಸುತ್ತ ಕೆಳಗಿಳಿಯುವ ಕ್ರಮ ಅವರದು. ದಕ್ಷಿಣ ಭಾರತದ ಪ್ರಾಗಿತಿಹಾಸಕ್ಕೆ ಒಂದು ಗಟ್ಟಿ ಅನುಕ್ರಮ ಸಿಕ್ಕಿದ್ದು ಇಲ್ಲಿ.

ಕಂಡದ್ದು ಮೂರು ಕಾಲ. ತಳದಲ್ಲಿ ನಯಗೊಳಿಸಿದ ಕಲ್ಲುಕೊಡಲಿ ಬಳಸುತ್ತಿದ್ದವರ ಊರು. ಅವರು ಮಣ್ಣಿನ ಪಾತ್ರೆಯನ್ನು ಕೈಯಲ್ಲೇ ಮಾಡುತ್ತಿದ್ದರು. ಸತ್ತ ಎಳೆಮಕ್ಕಳನ್ನು ಮಡಕೆಯಲ್ಲಿಟ್ಟು ವಾಸದ ನೆಲೆಯಲ್ಲೇ ಹೂಳುತ್ತಿದ್ದರು. ಅದರ ಮೇಲೆ ಕಬ್ಬಿಣ ಬಲ್ಲವರ ಕಾಲ: ಕುಡುಗೋಲು, ಚೂರಿ, ಈಟಿ, ಒಳಗೆ ಕಪ್ಪು ಹೊರಗೆ ಕೆಂಪು ಬಣ್ಣದ ಪಾತ್ರೆಗಳು. ಅದಕ್ಕೂ ಮೇಲೆ ಶಾತವಾಹನರ ಕಾಲದ ಪದರ, ತಿರುಗಣೆಯ ಮೇಲೆ ಮಾಡಿದ, ಬಿಳಿ ಗೆರೆಗಳ ಚಿತ್ತಾರವಿರುವ ನಾಜೂಕಾದ ಪಾತ್ರೆಗಳು.

ಊರಿನ ಪಕ್ಕದಲ್ಲೇ ಕಬ್ಬಿಣದ ಕಾಲದವರ ಸಮಾಧಿಗಳು ನೂರಾರು. ನಾಲ್ಕು ಕಡೆ ದೊಡ್ಡ ಚಪ್ಪಡಿಗಳನ್ನು ಒಂದಕ್ಕೊಂದು ಆತುಕೊಳ್ಳುವಂತೆ ನಿಲ್ಲಿಸಿ ಕೋಣೆ ಮಾಡಿದ್ದಾರೆ, ಮೇಲೊಂದು ಮುಚ್ಚುಗಲ್ಲು, ಸುತ್ತ ಗುಂಡುಕಲ್ಲುಗಳ ವರ್ತುಲ. ಪೂರ್ವದ ಚಪ್ಪಡಿಯಲ್ಲಿ ದುಂಡಗೆ ಒಂದು ಕಿಂಡಿ. ಮತ್ತೆ ಮತ್ತೆ ಅಸ್ಥಿಗಳನ್ನು ತಂದಿಡಲು ಆ ಕಿಂಡಿ ಎಂದು ತಿಳಿದವರು ಹೇಳುತ್ತಾರೆ. ಕಣಶಿಲೆಯನ್ನು ಚಪ್ಪಡಿಯಾಗಿ ಸೀಳಿ, ಅದರಲ್ಲಿ ಅಷ್ಟು ಒಪ್ಪವಾಗಿ ಕಿಂಡಿ ಕೊರೆಯಬೇಕಾದರೆ ಪಳಗಿದ ಕೈ ಬೇಕು, ಬಿಡುವಿರಬೇಕು, ಅಷ್ಟು ಜನರನ್ನು ಒಟ್ಟಿಗೆ ಕರೆತರಬಲ್ಲ ಯಜಮಾನಿಕೆಯೂ ಇರಬೇಕು.

ಇಷ್ಟೆಲ್ಲ ಸಿಕ್ಕರೂ ‘ಇದು ಮಹಾಮಾತ್ರರ ಚಾವಡಿ’ ಎಂದು ಬೊಟ್ಟು ಮಾಡುವಂಥ ಒಂದು ಕಟ್ಟಡ ಸಿಕ್ಕಲಿಲ್ಲ. ಪಾಟಲಿಪುತ್ರದ ಕಂಬಗಳ ಸಾಲಿನಂತಹದು ಇಲ್ಲಿಲ್ಲ. ಕೈಯಲ್ಲಿ ವಿಳಾಸವಿದೆ, ಮನೆ ಕಾಣುವುದಿಲ್ಲ. ನನ್ನನ್ನು ಎಲ್ಲಕ್ಕಿಂತ ಹೆಚ್ಚು ಕಾಡುವುದು ಇದು.

ತಿದ್ದಿದ ಲೆಕ್ಕ

ವ್ಹೀಲರ್ ಅಗೆದಾಗ ಇಂಗಾಲದಿಂದ ಕಾಲ ನಿರ್ಣಯಿಸುವ ವಿಧಾನ ಇನ್ನೂ ಬಂದಿರಲಿಲ್ಲ. ರೋಮ್‌ ಜೊತೆಗಿನ ವ್ಯಾಪಾರದ ಕಾಲದ ಪಾತ್ರೆಗಳನ್ನೂ ಚಂದ್ರವಳ್ಳಿಯಲ್ಲಿ ಸಿಕ್ಕ ನಾಣ್ಯಗಳನ್ನೂ ಆಧಾರ ಮಾಡಿಕೊಂಡು ಅವರು ಹಿಂದಕ್ಕೆ ಲೆಕ್ಕ ಹಾಕಿದರು. ಆ ಲೆಕ್ಕದಲ್ಲಿ ಕಲ್ಲುಕೊಡಲಿಯ ಕಾಲ ಕ್ರಿ.ಪೂ. 200ರ ತನಕ ಎಳೆಯಿತು, ಕಬ್ಬಿಣದ ಸಮಾಧಿಗಳು ಅದರ ಈಚೆಗೆ ಬಂದವು. ಅಂದರೆ ಅಶೋಕನ ಅಧಿಕಾರಿಗಳು ಬಂದಾಗ ಇಲ್ಲಿಯವರು ಇನ್ನೂ ಕಲ್ಲಿನ ಕೊಡಲಿ ಹಿಡಿದಿದ್ದರು, ನಾಗರಿಕತೆ ಉತ್ತರದಿಂದ ಇಳಿದುಬಂತು ಎಂಬ ಚಿತ್ರ ಮೂಡಿತು.

ಮುಂದೆ ಸಂಗನಕಲ್ಲು, ತೆಕ್ಕಲಕೋಟೆ, ಹಳ್ಳೂರುಗಳಲ್ಲಿ ಸಿಕ್ಕ ಇದ್ದಿಲನ್ನು ಪರೀಕ್ಷಿಸಿದಾಗ ಆ ಚಿತ್ರ ನಿಲ್ಲಲಿಲ್ಲ. ದಕ್ಷಿಣದ ಕಲ್ಲುಕೊಡಲಿಯ ಹಳ್ಳಿಗಳು ಕ್ರಿಸ್ತಪೂರ್ವ ಮೂರನೆಯ, ಎರಡನೆಯ ಸಹಸ್ರಮಾನಕ್ಕೆ ಸೇರಿದವು ಎಂದು ಗೊತ್ತಾಯಿತು. ಹಳ್ಳೂರಿನಲ್ಲಿ ಕಬ್ಬಿಣ ಕ್ರಿ.ಪೂ. 1000ದ ಸುಮಾರಿಗೇ ಇತ್ತು. ಅಂದಮೇಲೆ ಮೌರ್ಯರ ಓಲೆ ಬಂದಾಗ ಈ ಭಾಗದ ಜನ ಕಬ್ಬಿಣ ಕಂಡು ಏಳು ಶತಮಾನ ಕಳೆದಿತ್ತು. ಬ್ರಹ್ಮಗಿರಿಯ ಬುಡದ ವಾಸ್ತವ್ಯ ಅದಕ್ಕೂ ಎಷ್ಟೋ ಹಿಂದಿನದು.

ಮಹಾಮಾತ್ರರಿಗೆ ಹೊಸ ಅರಮನೆ ಏಕೆ ಬೇಕಾಗಲಿಲ್ಲ ಎಂಬ ಪ್ರಶ್ನೆಗೆ ನಾನು ಕಂಡುಕೊಂಡ ಉತ್ತರ ಇಲ್ಲಿದೆ. ಅವರು ಬರಿಯ ಕಾಡಿನಲ್ಲಿ ಪಟ್ಟಣ ಕಟ್ಟಲಿಲ್ಲ. ತಲೆತಲಾಂತರದಿಂದ ತುಂಬಿದ್ದ ಊರಿಗೆ ಬಂದು ಸೇರಿಕೊಂಡರು. ಮಣ್ಣು, ಮರ, ಹುಲ್ಲುಗಳ ಆ ಊರಿನಲ್ಲಿ ಅಂಥದೇ ಮನೆಗಳಲ್ಲಿ ಇದ್ದಿರಬೇಕು. ಜನ ಇದ್ದ ಕಡೆ ಅಧಿಕಾರ ಬಂತು.

ಇಲ್ಲಿಯೇ ಏಕೆ

ಮಳೆ ಕಡಿಮೆಯ ನಾಡು ಇದು. ಇಂದು ಶೇಂಗಾ ಬೆಳೆಯುವ ಕೆಂಪು ಹೊಲಗಳು, ಚಿನ್ನಹಗರಿ ಹೊಳೆ, ನಡುನಡುವೆ ಗುಂಡುಗಳ ಬೆಟ್ಟ. ಅಂಥಲ್ಲಿ ಸಾಮ್ರಾಜ್ಯದ ಅಧಿಕಾರಿಗಳಿಗೆ ಏನು ಕೆಲಸ? ಭೂಪಟದಲ್ಲಿ ದಕ್ಷಿಣದ ಅಶೋಕ ಶಾಸನಗಳನ್ನು ಗುರುತಿಸುತ್ತ ಹೋದರೆ ಒಂದು ಸುಳಿವು ಸಿಗುತ್ತದೆ. ಮಸ್ಕಿಯ ಪಕ್ಕದಲ್ಲೇ ಹಟ್ಟಿಯ ಚಿನ್ನದ ಸೀಮೆ. ಆಂಧ್ರದ ಎರ್ರಗುಡಿಯ ಪಕ್ಕದಲ್ಲೇ ಚಿನ್ನಕ್ಕೆ ಹೆಸರಾದ ಜೊನ್ನಗಿರಿ. ಸುವರ್ಣಗಿರಿ ಯಾವುದು ಎಂಬುದರಲ್ಲಿ ಒಮ್ಮತವಿಲ್ಲ. ಕೆಲವರು ಕನಕಗಿರಿ ಎನ್ನುತ್ತಾರೆ, ಕೆಲವರು ಜೊನ್ನಗಿರಿ, ಇನ್ನು ಕೆಲವರು ಮಸ್ಕಿ. ಚಿನ್ನದ ಸೀಮೆಯ ತೆಂಕಣ ಬಾಗಿಲಲ್ಲಿ, ತಮಿಳು ನಾಡಿನ ಕಡೆಗೆ ಇಳಿಯುವ ದಾರಿಯಲ್ಲಿ ಇಸಿಲ ನಿಂತಿತ್ತು ಎಂಬುದು ಒಪ್ಪುವ ಮಾತು. ಆದರೆ ಚಿನ್ನ ಮತ್ತು ದಾರಿ ಅಧಿಕಾರಿಗಳನ್ನು ಕರೆತಂದಿರಬಹುದು, ಅವರಿಗೆ ಅನ್ನ ಹಾಕಿದವರು ಆ ಕಿಂಡಿಗಲ್ಲಿನ ಸಮಾಧಿ ಕಟ್ಟಿದವರ ಮಕ್ಕಳು ಮೊಮ್ಮಕ್ಕಳು.

ಆಳಿದವರು

ಮೌರ್ಯರು ಹೋದರು. ಶಾತವಾಹನರು ಬಂದರು, ಇಸಿಲದ ಊರು ಆಗಲೂ ಬದುಕಿತ್ತು, ಮೇಲಿನ ಪದರವೇ ಸಾಕ್ಷಿ. ಆಮೇಲೆ ಅಧಿಕಾರ ಪಶ್ಚಿಮಕ್ಕೆ ಸರಿಯಿತು. ಚಂದ್ರವಳ್ಳಿಯಲ್ಲಿ ಕದಂಬ ಮಯೂರಶರ್ಮನ ಶಾಸನವಿದೆ, 4ನೇ ಶತಮಾನದ್ದು. ಅದೂ ಪ್ರಾಕೃತದಲ್ಲೇ ಇದೆ, ವಿಷಯ ಮಾತ್ರ ಕೆರೆ. ಅಶೋಕ ನಡತೆಯ ಬಗ್ಗೆ ಬರೆಸಿದ, ಆರು ನೂರು ವರ್ಷದ ಮೇಲೆ ಅದೇ ಜಿಲ್ಲೆಯಲ್ಲಿ ಬನವಾಸಿಯ ದೊರೆ ನೀರಿನ ಬಗ್ಗೆ ಬರೆಸಿದ. ಒಣನಾಡಿನಲ್ಲಿ ಆಳುವವನು ಏನು ಮಾಡಬೇಕು ಎಂಬುದು ಅಷ್ಟು ಹೊತ್ತಿಗೆ ಸ್ಪಷ್ಟವಾಗಿತ್ತು.

ನಂತರದವರನ್ನು ಬೇಗ ಹೇಳಿ ಮುಗಿಸಬಹುದು. ಬಾದಾಮಿಯ ಚಾಲುಕ್ಯರು, ರಾಷ್ಟ್ರಕೂಟರು, ಹೇಮಾವತಿಯಿಂದ ಆಳಿದ ನೊಳಂಬರು. ನೊಳಂಬವಾಡಿ ಮೂವತ್ತೆರಡು ಸಾಸಿರ ಕಲ್ಯಾಣದ ಚಾಲುಕ್ಯರ ಕೈಗೆ ಹೋದ ಮೇಲೆ 11ನೇ ಶತಮಾನದಲ್ಲಿ ಆ ಮನೆತನದ ರಾಜಕುಮಾರರ ಶಾಸನಗಳು ಜಟಿಂಗ ರಾಮೇಶ್ವರದ ಬೆಟ್ಟದ ಮೇಲೆ ಎದ್ದವು. ರಾವಣನನ್ನು ತಡೆದು ಜಟಾಯು ಬಿದ್ದ ಜಾಗ ಎಂದು ಜನ ನಂಬುವ ಬೆಟ್ಟ ಅದು. ಅಶೋಕನ ಪ್ರಾಕೃತ ಇದ್ದ ಬೆಟ್ಟದ ಮೇಲೆಯೇ ಈಗ ಕನ್ನಡ ಬಂತು. ಮುಂದೆ ಹೊಯ್ಸಳರು, ವಿಜಯನಗರ, ರಾಯದುರ್ಗದ ಮತ್ತು ಚಿತ್ರದುರ್ಗದ ಪಾಳೆಯಗಾರರು. 1779ರಲ್ಲಿ ಚಿತ್ರದುರ್ಗ ಹೈದರಲಿಯ ವಶವಾಯಿತು, 1799ರ ನಂತರ ಮೈಸೂರು ಒಡೆಯರದಾಯಿತು, 1831ರಿಂದ 50 ವರ್ಷ ಬ್ರಿಟಿಷ್ ಕಮಿಷನರುಗಳ ಆಡಳಿತ ಕಂಡಿತು.

ಇಷ್ಟು ಮಂದಿಯಲ್ಲಿ ಒಬ್ಬರೂ ಇಸಿಲವನ್ನು ಮತ್ತೆ ಆಡಳಿತದ ಪಟ್ಟಣ ಮಾಡಲಿಲ್ಲ. ಬನವಾಸಿ, ಹೇಮಾವತಿ, ಕಲ್ಯಾಣ, ಹಂಪಿ, ಚಿತ್ರದುರ್ಗ, ಶ್ರೀರಂಗಪಟ್ಟಣ ಎಂದು ಗದ್ದುಗೆ ಸುತ್ತಿತು. ಪಟ್ಟಣ ಮಣ್ಣಿನಡಿ ಸೇರಿತು, ಅದರ ಸುತ್ತ ಹಳ್ಳಿಗಳು ಉಳಿದವು.

ಗಡಿ

ಆಡಳಿತದ ಕೇಂದ್ರವಾಗಿದ್ದ ಸೀಮೆ ಕೊನೆಗೆ ಗಡಿಯ ಮೂಲೆಯಾದದ್ದು ಹೇಗೆ ಎಂಬುದು ಇನ್ನೊಂದು ಅಚ್ಚರಿ. ಬ್ರಿಟಿಷರ ಕಾಲದಲ್ಲಿ ಮೊಳಕಾಲ್ಮುರು ಮೈಸೂರು ಸಂಸ್ಥಾನದ ತುದಿ, ಮಗ್ಗುಲಿನ ಬಳ್ಳಾರಿ ಮತ್ತು ರಾಯದುರ್ಗ ಮದರಾಸಿನವು. 1953ರಲ್ಲಿ ಬಳ್ಳಾರಿ ಮೈಸೂರಿಗೆ ಬಂತು, ರಾಯದುರ್ಗ ಆಂಧ್ರಕ್ಕೆ ಹೋಯಿತು. ಮದರಾಸಿನ ಗಡಿ ಅಳಿದು ಆಂಧ್ರದ ಗಡಿ ಎದ್ದಿತು. ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ, ಸಂತೆಯಲ್ಲಿ ಎರಡೂ ಎಂಬ ಬದುಕು ಇಲ್ಲಿಯ ಎಷ್ಟೋ ಮನೆಗಳದು. ಮೊಳಕಾಲ್ಮುರಿನ ರೇಷ್ಮೆ ಸೀರೆ ಗೊತ್ತಿರುವವರಿಗೂ ಅದರ ಪಕ್ಕದ ಬೆಟ್ಟದಲ್ಲಿ ಏನಿದೆ ಎಂಬುದು ಗೊತ್ತಿಲ್ಲ. ಜಿಲ್ಲೆಗೆ ಬಂದವರು ಚಿತ್ರದುರ್ಗದ ಕೋಟೆ ಹತ್ತಿ ಇಳಿದು ಹೋಗುತ್ತಾರೆ.

ನಾವು ಓದಿದ ಚರಿತ್ರೆಯಲ್ಲಿ ಬ್ರಹ್ಮಗಿರಿ ಬರುವುದು ಅಶೋಕನ ರಾಜ್ಯದ ದಕ್ಷಿಣ ತುದಿಯಾಗಿ. ಪಾಟಲಿಪುತ್ರದಲ್ಲಿ ಕುಳಿತು ನೋಡಿದರೆ ಅದು ತುದಿಯೇ. ದೇವಸಮುದ್ರದಿಂದ ನೋಡಿದರೆ ಮೌರ್ಯರು ಸಾವಿರಾರು ವರ್ಷದ ಒಂದು ಊರಿಗೆ ಬಂದು, ಒಂದು ಓಲೆ ಓದಿಸಿ, ಹೊರಟುಹೋದ ಅತಿಥಿಗಳು.

ಕೊನೆಯ ಟಿಪ್ಪಣಿ

ರಾಜಧಾನಿ ಎಂದರೆ ಕೋಟೆ, ಸಿಂಹಾಸನ, ಆನೆಲಾಯ ಎಂದುಕೊಳ್ಳುವ ಅಭ್ಯಾಸವನ್ನು ಇಸಿಲ ಬಿಡಿಸುತ್ತದೆ. ಅದರ ಪಾಲಿಗೆ ಉಳಿದಿರುವ ರಾಜಮುದ್ರೆ ಎಂದರೆ ಹಿರಿಯರನ್ನು ಗೌರವಿಸಿ, ಜೀವಿಗಳಿಗೆ ದಯೆ ತೋರಿ, ಸತ್ಯ ಹೇಳಿ ಎಂಬ ಮಾತು. ಇದಕ್ಕಿಂತ ದೊಡ್ಡ ಅರಮನೆಯನ್ನು ಇಲ್ಲಿ ಆಳಿದ ಯಾರೂ ಕಟ್ಟಲಿಲ್ಲ.

ಮೊಳಕಾಲ್ಮುರು, ಚಳ್ಳಕೆರೆಯ ಮೇಷ್ಟ್ರುಗಳಲ್ಲಿ ನನ್ನದೊಂದು ಕೋರಿಕೆ. ಮಕ್ಕಳನ್ನು ಕೋಟೆಗೆ ಕರೆದೊಯ್ಯುವ ಮೊದಲು ಅಕ್ಷರ ಗುಂಡಿನ ಹತ್ತಿರ ಕರೆತನ್ನಿ. ಅಶೋಕನ ಪಾಠ ಅಲ್ಲಿಯೇ ಮಾಡಿ. ಇಸಿಲ ಎಂಬ ಹೆಸರನ್ನು ಅವರ ಬಾಯಲ್ಲಿ ಒಮ್ಮೆ ಹೇಳಿಸಿ, ಚಪಡ ಯಾರು ಎಂದು ಕೇಳಿ. ಅಕ್ಷರಗಳ ಮೇಲೆ ಸೀಮೆಸುಣ್ಣ ಎಳೆಯಬಾರದು, ಬಂಡೆ ಹತ್ತಿ ತುಳಿಯಬಾರದು, ಸಮಾಧಿಯ ಕಲ್ಲು ಕದಲಿಸಬಾರದು ಎಂದೂ ಹೇಳಿಕೊಡಿ. ಓದಲು ಬಾರದ ಕಾಲದಲ್ಲಿ ಈ ಸೀಮೆಯ ಜನ ಕಾಪಾಡಿಕೊಂಡು ಬಂದದ್ದನ್ನು ಓದಲು ಬಲ್ಲ ನಾವು ಕಳೆಯಬಾರದು.